ಕೊಬ್ಬರಿ ಹಲ್ಲು

ಮನೆಯಲ್ಲಿ ಇಟ್ಟ ಹೆಸರು ಜೇನುಕಲ್ಲಪ್ಪ,
ಬೆಟ್ಟದ ದೇವರ ಹರಕೆಗೆ ಹುಟ್ಟಿದವನು.
ಟೈಟಲ್ ಕಾರ್ಡಿನಲ್ಲಿ ಅಷ್ಟುದ್ದ ಹಿಡಿಸದೆಂದು
ಕಲ್ಲು ತೆಗೆದು ಜೇನಷ್ಟೇ ಉಳಿಸಿಕೊಂಡರು:
ಮಾಸ್ಟರ್ ಮಧು.

ಅರಸೀಕೆರೆ ಜಂಕ್ಷನ್ನಿನ ಮೂರನೇ ಪ್ಲಾಟ್‌ಫಾರಮ್ಮು.
ಪಾರ್ಟಿನ ಹುಡುಗ ಜ್ವರ ಬಂದು ಮಲಗಿದ್ದ.
ಕಡಲೇಕಾಯಿ ಮಾರುತ್ತಿದ್ದ ಅವ್ವನ ಸೆರಗಿನಿಂದ ಬಿಡಿಸಿ
ನನ್ನನ್ನು ಲೈಟಿನ ಕೆಳಗೆ ನಿಲ್ಲಿಸಿದರು.
'ಅಳ್ತೀಯೇನ್ಲಾ?'
'ಎಷ್ಟು ಕೊಡ್ತೀರ?' ಅಂದೆನಂತೆ.
ಅವ್ವ ಸಾಯುವವರೆಗೂ ಇದನ್ನು ಹೇಳಿ ನಗುತ್ತಿದ್ದಳು.
ನನಗೆ ನೆನಪಿಲ್ಲ.

ಮೂರನೇ ದಿನ ಮುಂದಿನ ಹಲ್ಲು ಬಿತ್ತು.
ಹಿಂದಿನ ಶಾಟಿನಲ್ಲಿ ಹಲ್ಲುಂಟು, ಮುಂದಿನದರಲ್ಲಿ ಇಲ್ಲ,
ರೈಲು ಮಾತ್ರ ಅದೇ ರೈಲು.
ಮೇಕಪ್ಪಿನ ಅಂದಾನಿ ಮಂಡಿಗೆ ಓಡಿ
ಒಂದು ಹೋಳು ಕೊಬ್ಬರಿ ತಂದು
ಬ್ಲೇಡಿನಲ್ಲಿ ಹೆರೆದು ಹೆರೆದು
ಹಲ್ಲು ಮಾಡಿ ಸಂದಿಗೆ ಸಿಕ್ಕಿಸಿದ.

ನಮ್ಮೂರ ಕೊಬ್ಬರಿ. ಸಿಹಿ.
ಎಂಜಲಿಗೆ ನೆನೆದು ಉಬ್ಬಿತು, ನಾಲಿಗೆ ಸುಮ್ಮನಿರಲಿಲ್ಲ.
ಕ್ಯಾಮೆರಾ ಓಡುತ್ತಿರುವಾಗಲೇ
ಹಲ್ಲನ್ನು ಅಗಿದು ನುಂಗಿದೆ.

ಡೈರೆಕ್ಟರ ಕೈ ಎಲ್ಲಿಂದ ಬಂತೋ ಕಾಣಲಿಲ್ಲ.
ಬಾಯಿಗೆ ಕೈ ಅಡ್ಡ ಹಿಡಿದು ಅತ್ತೆ.
ನಿಲ್ಲಿಸದೆ ತೆಗೆದ ಆ ಅಳುವಿಗೇ ಬೆಳ್ಳಿ ಪದಕ.
'ಎಷ್ಟು ಸಹಜ!' ಎಂದು ಬರೆದರು ಪೇಪರಿನವರು.
ಆಮೇಲೆ ಯಾರು ಕರೆದರೂ
ಬಾಯಿಗೆ ಕೈ ಅಡ್ಡ ಇಡಿಸಿಯೇ ಅಳಿಸಿದರು.

ಹನ್ನೊಂದು ಸಿನಿಮಾ. ಒಂಬತ್ತರಲ್ಲಿ ಸತ್ತೆ:
ಹಾವು, ಜ್ವರ, ಲಾರಿ, ಮತ್ತೆ ಜ್ವರ.
ಊರ ಟಾಕೀಸಿನಲ್ಲಿ ಹೆಂಗಸರು ಮೂಗೊರೆಸಿಕೊಳ್ಳುವಾಗ
ಅವ್ವನ ತೊಡೆಯೇರಿ ಕಡಲೇಕಾಯಿ ಸುಲಿಯುತ್ತ
ಹಿಂದಕ್ಕೆ ತಿರುಗಿ ತಿರುಗಿ ಮುಖ ತೋರಿಸುತ್ತಿದ್ದೆ,
ಬದುಕಿದ್ದೀನಿ ಅಂತ.

ಹದಿಮೂರಕ್ಕೆ ಗಂಟಲು ಒಡೆಯಿತು.
ಅದೇ ಕಂಪೆನಿಯಲ್ಲಿ ಟೀ ಹಿಡಿದೆ, ಟ್ರಾಲಿ ತಳ್ಳಿದೆ,
ವ್ಯಾನಿನ ಡೀಸೆಲ್ಲು, ಊಟದ ಕೂಪನ್ನು, ಬಟವಾಡೆ...
ವೋಚರ್ ಬರೆಯುವುದು ಕಲಿತೆ.
ಅಳುವಿಗಲ್ಲ, ಗ್ಲಿಸರಿನ್ನಿಗೆ ರಸೀದಿ ಸಿಗುತ್ತದೆ.
ಸಾಲ ಮಾಡಿ ಒಂದು, ಅದನ್ನು ತೀರಿಸಲು ಇನ್ನೊಂದು,
ಹೀಗೆ ಆರು ಸಿನಿಮಾಕ್ಕೆ ನಿರ್ಮಾಪಕ.
ಎರಡು ಓಡಿದವು. ನಾಲ್ಕು ನನ್ನನ್ನು ಓಡಿಸಿದವು.

ಏಳನೆಯದಕ್ಕೆ ಮತ್ತೆ ಇದೇ ಜಂಕ್ಷನ್ನು.
ಹುಡುಗಿ ಬಾಣಾವರದವಳು, ಲಿಖಿತ,
ಅಪ್ಪನದು ಗೂಡ್ಸ್ ಆಟೋ.
ನಿನ್ನೆ ಬೆಳಿಗ್ಗೆ ಮುಷ್ಟಿ ಬಿಗಿದು ಬಂದಳು.
ಬಿಚ್ಚಿದರೆ, ಹಲ್ಲು.

'ಕಂಟಿನ್ಯೂಟಿ ಹೋಯ್ತು ಸಾರ್,' ಅಂದ ಡೈರೆಕ್ಟರು,
'ಒಂದು ಹಲ್ಲು ಕೂರಿಸಿಬಿಡೋಣ.'
ಜನರೇಟರು ಗುರುಗುಟ್ಟುತ್ತ ನನ್ನ ದುಡ್ಡು ಕುಡಿಯುತ್ತಿತ್ತು.
ನಾನು ಹಳೆಯ ಕೆನ್ನೆ ಸವರಿಕೊಂಡೆ
ಅಂತ ಬರೆದರೆ ಚೆನ್ನಾಗಿರುತ್ತದೆ. ಸವರಿಕೊಳ್ಳಲಿಲ್ಲ.
ಲೆಕ್ಕ ಹಾಕಿದೆ.
ಲೆಕ್ಕದಲ್ಲಿ ಕೊಬ್ಬರಿಯೇ ಅಗ್ಗ.

ಬಾಯಿಗೆ ಬಂದದ್ದು ಬೇರೆ:
'ಕತೆಯ ಮಗುವಿಗೂ ಹಲ್ಲು ಬೀಳಲಿ.'
'ಯಾಕೆ ಸಾರ್? ಏನು ಕಾರಣ?'
'ಅದಕ್ಕೆ ಏಳು ವರ್ಷ ಕಣಯ್ಯ.'

ಅವಳಿಗೆ ಇದೆಲ್ಲ ಬೇಕಿಲ್ಲ. ಸಗಣಿ ಬೇಕು.
ಉಂಡೆಯೊಳಗೆ ಹಲ್ಲಿಟ್ಟು ಹೆಂಚಿನ ಮೇಲೆ ಎಸೆಯದಿದ್ದರೆ
ಹೊಸದು ಬರುವುದಿಲ್ಲವೆಂದು ಅಜ್ಜಿ ಹೇಳಿದ್ದಾಳಂತೆ.
ಎರಡು ಕ್ಯಾಮೆರಾ ಹಾಗೇ ಬಿಟ್ಟು ಮೂವತ್ತೆಂಟು ಜನ
ಸ್ಟೇಷನ್ ರಸ್ತೆಯುದ್ದಕ್ಕೂ ಹಸು ಹುಡುಕಿದೆವು.
ರೈಲ್ವೆ ಕ್ವಾರ್ಟರ್ಸಿನ ಹೆಂಚಿಗೆ
ಎರಡನೇ ಎಸೆತಕ್ಕೆ ಹತ್ತಿತು.
ನಕ್ಕಳು, ಬಾಯಿಗೆ ಕೈ ಅಡ್ಡ ಇಟ್ಟು.
ಅದನ್ನು ಯಾರು ಕಲಿಸಿದರೋ.

ರಾತ್ರಿ ಸಹಿಗೆ ವೋಚರ್ ಬಂತು:
ಸಗಣಿ, ಹತ್ತು ರೂಪಾಯಿ.
ಯಾವ ಮಹರಾಯ್ತಿ ಸಗಣಿಗೆ ದುಡ್ಡಿಸಿಕೊಂಡಳೋ,
ನಮ್ಮ ಹುಡುಗನೇ ಸುಳ್ಳು ಬರೆದನೋ.
ಪಾಸ್ ಮಾಡಿದೆ.
ಮರೆಯಬಾರದೆಂದು ಅದರ ಬೆನ್ನಿಗೇ ಗೀಚಿಕೊಂಡೆ:
ನಾಳೆ ಕ್ಲೋಸಪ್ಪು. ಕೈ ಅಡ್ಡ ಬೇಡ.